ಒಣಗಿದ ಬೆನ್ನು

ಬಿಜಾಪುರದ ಕಡೆಯವರಿಗೆ ಬಿಸಿಲಿನ ವಿಷಯದಲ್ಲಿ ಒಂದು ಜಂಬವಿರುತ್ತದೆ. ನನಗೂ ಇತ್ತು. ಅದಕ್ಕೆ ಜೀವ ತೆತ್ತವನು ಮಾತ್ರ ನನ್ನ ಅಕ್ಕನ ಗಂಡ, ನಾನು ಮಾವ ಎಂದು ಕರೆಯುತ್ತಿದ್ದವನು.

ಐವತ್ತರ ದಶಕದಲ್ಲಿ ನಾನು ಸಾಂತಾಕ್ರೂಜಿನಲ್ಲಿ ರಸ್ತೆ ಕೆಲಸಕ್ಕಿದ್ದೆ. ಮಾವನನ್ನು ಊರಿಂದ ಕರೆಸಿಕೊಂಡವನು ನಾನೇ. ಮೇ ತಿಂಗಳು. ತಲೆಯ ಮೇಲೆ ಜಲ್ಲಿ ಬುಟ್ಟಿ, ಪಕ್ಕದಲ್ಲಿ ಕುದಿಯುವ ಡಾಂಬರು. ಮೊದಲ ದಿನವೇ ಅವನ ಅಂಗಿ ಹಿಂಡುವಷ್ಟು ತೊಯ್ದಿತು. ಊರಲ್ಲಿ ದಿನವಿಡೀ ಕುಂಟೆ ಹೊಡೆದರೂ ಬೆವರು ಬಂದಲ್ಲೇ ಆರಿಹೋಗುತ್ತಿತ್ತು. ಇಲ್ಲಿಯದು ಸಮುದ್ರದ ಸೆಕೆ, ಸುರಿದದ್ದು ಆರುವುದಿಲ್ಲ. ಅವನಿಗೆ ಅದೇ ನಾಚಿಕೆ.

“ನಮ್ಮೂರ ಬಿಸಲ ಮುಂದ ಇದೇನೂ ಅಲ್ಲ. ಆದ್ರ ಮೈಯಾಗಿನ ನೀರೆಲ್ಲಾ ಹೊಂಟೈತಲ್ಲೋ,” ಎಂದ.

“ಎಂಟ ದಿನಾ ತಡಕೋರಿ ಮಾವಾ. ಮೈ ಒಗ್ಗತೈತಿ,” ಎಂದೆ.

ನನಗೂ ಯಾರೋ ಹಾಗೇ ಹೇಳಿದ್ದರು, ಹಾಗೇ ಆಗಿತ್ತು. ಮೊದಲ ವಾರ ತಲೆಸುತ್ತು, ವಾಂತಿ. ಆಮೇಲೆ ಬುಟ್ಟಿ ತಾನಾಗಿ ತಲೆಗೇರುತ್ತಿತ್ತು. ದೇಹ ಕಲಿಯುತ್ತದೆ, ಅದು ಸುಳ್ಳಲ್ಲ. ಯಾರ ದೇಹ ಯಾವಾಗ ಕಲಿಯುತ್ತದೆಂದು ಹೇಳುವ ಅಧಿಕಾರ ನನಗೆ ಯಾರು ಕೊಟ್ಟಿದ್ದರೋ.

ನಾಲ್ಕನೆಯ ದಿನ ಮಧ್ಯಾಹ್ನ ಅವನು, “ಸಾಕಾಗೈತೋ,” ಎಂದು ಕೂತುಬಿಟ್ಟ. ಆಳುಗಳ ಮೇಲ್ವಿಚಾರಣೆಯ ಮುಕಾದಮ ನೋಡುತ್ತಿದ್ದ. ಹೊಸಬ ಕೂತರೆ ಕರೆತಂದವನ ಮರ್ಯಾದೆ ಹೋಗುತ್ತದೆ. ಹತ್ತಿರ ಹೋಗಿ ಅವನ ಬೆನ್ನು ಮುಟ್ಟಿದೆ. ಹಂಚಿನ ಹಾಗೆ ಬಿಸಿ, ಒಂದು ಹನಿ ಬೆವರಿಲ್ಲ. ನಮ್ಮೂರಲ್ಲಿ ಒಣಗಿದ ಬೆನ್ನೆಂದರೆ ಗಟ್ಟಿ ಆಳಿನ ಬೆನ್ನು. ನನಗೆ ಖುಷಿಯಾಯಿತು.

“ಬೆವರ ನಿಂತೈತಿ ಮಾವಾ. ಮೈ ಒಗ್ಗಿತು. ಏಳ್ರಿ.”

ಎದ್ದ. “ಎಮ್ಮಿ ಒಳಗ ಕಟ್ಟೀರೇನು?” ಎಂದು ನನ್ನನ್ನು ಕೇಳಿದ. ಚೇಷ್ಟೆ ಮಾಡುತ್ತಿದ್ದಾನೆಂದು ನಕ್ಕೆ. ಎರಡು ಬುಟ್ಟಿ ಹೊತ್ತ, ಮೂರನೆಯದಕ್ಕೆ ಬಿದ್ದ. ನೀರು ಹೊಯ್ದರೂ ಕಣ್ಣು ತೆರೆಯಲಿಲ್ಲ. ಆಸ್ಪತ್ರೆ ಮುಟ್ಟುವಷ್ಟರಲ್ಲಿ ಎಲ್ಲ ಮುಗಿದಿತ್ತು. ಅಂಥ ಬಿಸಿಲಲ್ಲಿ ಬೆವರು ನಿಂತಿತೆಂದರೆ ದೇಹ ಕೈಚೆಲ್ಲಿತು ಎಂದೇ ಅರ್ಥ ಎಂದು ಡಾಕ್ಟರು ಹೇಳಿದರು.

ಅಕ್ಕ ಬಂದಳು. ಬಿಸಿಲು ಬಡಿಯಿತು ಎಂದೆ.

“ಸಾಕಾಗೈತಿ ಅಂತ ಒಮ್ಮಿನೂ ಅನ್ನಲಿಲ್ಲೇನು?”

“ಇಲ್ಲ.”

“ಅವರು ಹಂಗ. ಬಾಯಿ ಬಿಟ್ಟ ಹೇಳಾವರಲ್ಲ,” ಎಂದು ಸತ್ತ ಗಂಡನನ್ನೇ ಬೈದು ಅತ್ತಳು.

ಮರುವಾರ ಕೆಲಸಕ್ಕೆ ಹೋದೆ. ಬೆನ್ನ ಮೇಲೆ ಬೆವರು ಹರಿಯುತ್ತಿತ್ತು, ಬುಟ್ಟಿ ಎಂದಿನಂತೆ ತಲೆಗೇರಿತು. ಅಕ್ಕನಿಗೆ ಹೇಳಿದ ಆ ಒಂದು ‘ಇಲ್ಲ’ಕ್ಕೆ ನನ್ನ ಮನಸ್ಸು ಒಗ್ಗಲು ಎಂಟು ದಿನವೂ ಹಿಡಿಯಲಿಲ್ಲ.