ಮೈಗಳ್ಳ ಕುಕ್ಕರಿನ ಬಟಾಟಿ

ಶನಿವಾರ ಸಂಜಿ ಐದರೊಳಗ ನಮ್ಮ ಅತ್ತಿ ಬಾಯಿ ತೆರೆದು ಒಂದು ಬಟ್ಟಲ ಏನಾದ್ರೂ ನುಂಗಬೇಕಿತ್ತು. ಇಲ್ಲಂದ್ರ "ಮತ್ತ ವಿಜಯಪುರಕ್ಕ ಕರಕೊಂಡು ಬರ್ರಿ, ಮೂಗಿನಾಗ ನಳಿಗಿ ಹಾಕೂಣು" ಅಂತ ದವಾಖಾನಿ ಡಾಕ್ಟರ್ ಖಡಾಖಡಿ ಹೇಳಿ ಕಳಿಸಿದ್ರು. ಲಕ್ವಾ ಹೊಡೆದು ಅತ್ತಿಯ ಬಲಗೈ, ಬಲಗಾಲು ಬಿದ್ದಿದ್ದವು. ಎಡಗೈ ಮಾತ್ರ ಉಳಿದಿತ್ತು. ಆ ಎಡಗೈಲೆ ಅವರು ದವಾಖಾನಿಯೊಳಗ ಎರಡು ಸಲ ನಳಿಗಿ ಕಿತ್ತು ಒಗೆದಿದ್ರು. ಎರಡನೇ ಸಲ ಮೂಗಿನಾಗಿಂದ ರಕ್ತ ಸುರಿದು, ನರ್ಸಮ್ಮ ಬಂದು ಆ ಒಂದು ಕೈನೂ ಬ್ಯಾಂಡೇಜಿಲೆ ಮಂಚಕ್ಕ ಕಟ್ಟಿದಳು. ಕಟ್ಟಿದ ಕೈ ನಾನು ಕಣ್ಣಾರೆ ನೋಡೇನಿ. ಮತ್ತೊಮ್ಮೆ ನೋಡೂ ತಾಕತ್ತು ನನ್ನೊಳಗ ಇರಲಿಲ್ಲ.

ಗಂಟಲೇನು ಕೆಟ್ಟಿರಲಿಲ್ಲ. "ನುಂಗಾಕ ಬರ್ತೈತಿ, ಅವರ ನುಂಗವಲ್ರು," ಅಂದಿದ್ರು ಡಾಕ್ಟರ್. ನೀರಿನಂಗ ತೆಳ್ಳಗಿರಬಾರದು, ಒಣಾನೂ ಇರಬಾರದು, ನಾಲಿಗಿ ಮ್ಯಾಲ ಇಟ್ಟರ ತಾನ ಜಾರಬೇಕು, ಅಂಥಾದ್ದು ಕೊಡ್ರಿ ಅಂದ್ರು. ಮುದ್ದೇಬಿಹಾಳಕ್ಕ ಮನಿಗೆ ಕರಕೊಂಡು ಬಂದ ಆಯಿತಾರ ನಮ್ಮನಿಯವರ ಕೈಲೆ ಒಂದಿಷ್ಟು ಸಜ್ಜಕ ತಿಂದ್ರು. ಸೋಮವಾರ ಅವರು ಇಂಡಿಗೆ, ಬ್ಯಾಂಕಿನ ಕೆಲಸಕ್ಕ ಹೋದ್ರು. ಆವತ್ತಿನಿಂದ ಮನ್ಯಾಗ ನಾವಿಬ್ಬರ. ನಾನು ಕಲಿಸೂ ಸಾಲಿಗೆ ರಜಾ ಹಾಕಿ ಕುಂತೆ. ಗಂಜಿ ಮಾಡಿದೆ, ಶಿರಾ ಮಾಡಿದೆ, ಬ್ಯಾಳಿ ಅರೆದು ಕಟ್ಟು ಮಾಡಿದೆ. ಬಟಾಟಿ ಅಂದ್ರ ಅತ್ತಿಗೆ ಜೀವ, ಅದನ್ನ ಕುದಿಸಿ ಹಿಚುಕಿ ಕೊಟ್ಟೆ. ಅದು ಅಂಟು ಅಂಟಾಗಿ ಗಂಟಲಿಗೆ ಹತ್ತಿ ಕೆಮ್ಮಿ ಕೆಮ್ಮಿ ಮುಖ ಕೆಂಪಾತು. ಚಮಚ ತುಟಿ ಹತ್ರ ಒಯ್ದರ ಮುಖ ಗ್ವಾಡಿ ಕಡೆ ತಿರುಗಿಸಿ "ಒಲ್ಲೆ" ಅನ್ನೋರು. ಇದ್ದಬಿದ್ದ ಮಾತೆಲ್ಲಾ ಹೋಗಿ ಆ ಬಾಯಾಗ ಅದೊಂದ ಉಳಿದಿತ್ತು. ದಿನಕ್ಕ ನಾಕು ಚಮಚ ಹೊಟ್ಟಿಗೆ ಹೋದ್ರ ದೊಡ್ಡ ಮಾತು.

ಮಗನ ಕೈಲೆ ತಿಂದವರು ನನ್ನ ಕೈಲೆ ಯಾಕ ಒಲ್ಲೆ ಅಂತಾರ, ಅದು ನನಗ ಗೊತ್ತಿತ್ತು. ನನಗ ಮತ್ತ ಅವರಿಗೆ, ಇಬ್ಬರಿಗೇ.

ನಮ್ಮ ಅತ್ತಿ ತವರು ಚಡಚಣ. ಆ ಕಡೆ ಮಂದಿ ಮನ್ಯಾಗ ಏನಾದ್ರೂ ತೀರಿದ್ರ ತೀರೇತಿ ಅನ್ನೂದಿಲ್ಲ. ಅಪಶಕುನ. ಅಕ್ಕಿ ಖಾಲಿ ಆದ್ರ "ಅಕ್ಕಿ ಹೆಚ್ಚಾಗ್ಯಾವ" ಅನ್ನಬೇಕು. ಬಳಿ ಒಡೆದ್ರ "ಬಳಿ ಹೆಚ್ಚಾದುವು". ನಮ್ಮ ಕಡೇನೂ ಹಿರ್ಯಾರು ಅಕ್ಕಿಗೆ, ಕುಂಕುಮಕ್ಕ ಹಂಗ ಅಂತಾರ. ಆದ್ರ ನಮ್ಮ ಅತ್ತಿ ಕಡ್ಡಿಪೆಟ್ಟಿಗಿಗೂ ಬಿಡತಿರಲಿಲ್ಲ, ಬಟ್ಟಿ ತೊಳಿಯೂ ಸಬಕಾರಕ್ಕೂ ಬಿಡತಿರಲಿಲ್ಲ. ಮದುವಿ ಆದ ಹೊಸದಾಗಿ "ಎಣ್ಣಿ ಹೆಚ್ಚಾಗೇತಿ" ಅಂದದ್ದಕ್ಕ ನಾನು "ಹಂಗಾದ್ರ ಬಜಿ ಮಾಡೂಣ ಬಿಡ್ರಿ" ಅಂದು, ಮನಿ ಮಂದೆಲ್ಲಾ ಬಿದ್ದು ಬಿದ್ದು ನಕ್ಕಿದ್ರು. ಇಪ್ಪತ್ತೆರಡು ವರ್ಷ ಆ ಮಾತು ಕೇಳಿ ಕೇಳಿ ಹಣ್ಣಾಗೇನಿ. ತಿಳೀಲಿಲ್ಲ ಅಂತ ಹೇಳಾಕ ನನಗ ಬಾಯಿಲ್ಲ.

ಲಕ್ವಾ ಹೊಡೆಯೂಕಿಂತ ಸ್ವಲ್ಪ ಮೊದಲ ಡಾಕ್ಟರ್ ದಿನಕ್ಕ ಒಂದಿದ್ದ ಬಿ.ಪಿ. ಗುಳಿಗಿ ಎರಡು ಮಾಡಿದ್ರು. ಅತ್ತಿಗೆ ಅದ ಸಿಟ್ಟು. "ಇನ್ನ ರೊಟ್ಟಿ ಯಾಕ ಬಡೀತಿ, ಗುಳಿಗೀನ ತಿಂತೇನಿ ಬಿಡು" ಅಂತ ದಿನಾ ವಟಾವಟಾ. ಒಂದಿನ ಮುಂಜಾನೆ ನಾನು ಚೀಲ ಹೆಗಲಿಗೆ ಹಾಕಿ ಚಪ್ಪಲಿ ಮೆಟ್ಟಾಕತ್ತಿದ್ದೆ. ಪರೀಕ್ಷಾ ದಿನ, ತಡ ಆಗಿತ್ತು. ಒಳಗಿಂದ ಅತ್ತಿ "ಗುಳಿಗಿ ಹೆಚ್ಚಾಗ್ಯಾವ ನೋಡವಾ" ಅಂದ್ರು. ನನಗ ಮೈ ಉರಿದು ಹೋತು. ಮತ್ತ ಅದ ರಾಗ ಅಂತ ತಿಳಕೊಂಡು, "ಹೆಚ್ಚಾದ್ರ ಹೆಚ್ಚಾಗಲಿ, ಸುಮ್ಮನ ನುಂಗ್ರಿ!" ಅಂತ ಒದರಿ ಹೊಂಟೆ. ಮೂರು ದಿನ ಬಿಟ್ಟು ಮತ್ತೊಮ್ಮೆ ಅಂದ್ರು, ಸಣ್ಣ ದನಿಲೆ. ನಾನು ಉತ್ತರಾನ ಕೊಡಲಿಲ್ಲ. ಮೂರನೇ ಸಲ ಕೇಳೂ ಜಾತಿ ಅಲ್ಲ ನಮ್ಮ ಅತ್ತಿ. ಸೊಸಿ ಹಂಗ ಅಂದಮ್ಯಾಲ ಸತ್ತರೂ ಕೇಳೋರಲ್ಲ.

ಅಡಗಿಮನಿ ಹೊಸ್ತಿಲದಾಗ ಅವರು ಬಿದ್ದ ದಿನ, ದವಾಖಾನಿಗೆ ಗುಳಿಗಿ ತೋರಿಸಾಕ ಬೇಕಂತ, ಅವರು ಗುಳಿಗಿ ಇಡೂ ಬಿಸ್ಕೀಟಿನ ಡಬ್ಬಿ ತೆಗೆದೆ. ಎಲ್ಲಾ ಖಾಲಿ ಪಟ್ಟಿ. ಒಂದರ ಮ್ಯಾಲ ಒಂದು ನೆಟ್ಟಗ ಜೋಡಿಸಿ ಇಟ್ಟಿದ್ರು. ಆವಾಗ ಆ ಮಾತು ನನ್ನ ತಲ್ಯಾಗ ಇಳೀತು. ವಿಜಯಪುರದಾಗ ನಮ್ಮನಿಯವರು "ಗುಳಿಗಿ ಹ್ಯಾಂಗ ತೀರಿದವು? ನಿನಗ ಹೇಳಲಿಲ್ಲೇನು?" ಅಂತ ಕೇಳಿದ್ರು. "ಇಲ್ಲ" ಅಂದೆ. ನನ್ನ ಬಾಯಿಗೆ ಬೆಂಕಿ ಹಾಕ! ಅಷ್ಟು ಸಲೀಸಾಗಿ ಆ ಸುಳ್ಳು ಹೊಂಟತಲ್ಲ, ಇವತ್ತಿಗೂ ನೆನಸಿಕೊಂಡ್ರ ನನಗ ನಾಚಿಕಿ ಬರ್ತೈತಿ.

ಶುಕ್ರವಾರ ಮಧ್ಯಾಹ್ನ ಅಟ್ಟದ ಮ್ಯಾಲಿಂದ ಸ್ಲೋ ಕುಕ್ಕರ್ ಇಳಿಸಿದೆ. ಪುಣೆದಾಗಿರೂ ನಮ್ಮ ತಂಗಿ ಕೊಟ್ಟದ್ದು. ಒಳಗ ಗಡಿಗಿಯಂಥಾ ದಪ್ಪ ಪಾತ್ರಿ, ಕೆಳಗ ಕರೆಂಟಿನ ಸಣ್ಣ ಕಾವು, ಒಂದು ಅಡಗಿಗೆ ಐದಾರು ತಾಸು. ತಂದ ದಿನ ಅತ್ತಿ ಅದನ್ನ ಸುತ್ತೂ ತಿರುಗಿ ನೋಡಿ, "ಮುಂಜಾನೆ ಇಟ್ಟರ ಸಂಜಿಗೆ ಬೇಯಿಸೂದಕ್ಕ ಇದೇನು ಕುಕ್ಕರೇನ? ಶುದ್ಧ ಮೈಗಳ್ಳ. ನಿನ್ನಂಗ ಐತಿ ನೋಡು" ಅಂದಿದ್ರು. ಅದರ ಜೋಡಿ ಬಂದ ಪುಸ್ತಕದಾಗ ಪದರು ಪದರಾಗಿ ಬಟಾಟಿ ಇಟ್ಟು ಹಾಲು-ಕೆನಿಯೊಳಗ ಬೇಯಿಸೂ ಅಡಗಿ ಒಂದಿತ್ತು. ಹಿಚುಕಿದ್ರ ಅಂಟಾಗೂ ಬಟಾಟಿ, ಹಿಂಗ ಸಾವಕಾಶ ಬೆಂದ್ರ ಬೆಣ್ಣಿಯಂಗ ಜಾರತೈತಿ ಅಂತ ನನ್ನ ಆಸೆ. ಬ್ಯಾರೆ ದಾರೀನೂ ಇರಲಿಲ್ಲ ಬಿಡ್ರಿ.

ಶನಿವಾರ ಮುಂಜಾನೆ ಎಂಟಕ್ಕ ಶುರು ಮಾಡಿದೆ. ಬಟಾಟಿ ಸಿಪ್ಪಿ ತೆಗೆದು ಚಿಪ್ಸಿನ ಕಿಸಣಿ ಮ್ಯಾಲ ತೆಳ್ಳಗ ಹೆರೆದೆ, ಬೆಳಕಿಗೆ ಹಿಡಿದ್ರ ಬೆರಳು ಕಾಣೂವಷ್ಟು. ಪಾತ್ರಿಗೆ ಬೆಣ್ಣಿ ಸವರಿ ಒಂದು ಪದರು ಬಟಾಟಿ, ಮ್ಯಾಲ ಎಮ್ಮಿ ಹಾಲಿನ ಕೆನಿ, ಚಿಟಿಕಿ ಉಪ್ಪು, ಜೀರಿಗಿ ಪುಡಿ. ಮತ್ತ ಪದರು, ಮತ್ತ ಕೆನಿ. ಪುಸ್ತಕದಾಗ ಚೀಜ್ ಅಂತ ಇತ್ತು, ಅದು ದಾರದಂಗ ಎಳೆದು ಗಂಟಲಿಗೆ ಸಿಕ್ಕೀತು ಅಂತ ಬಿಟ್ಟೆ. ಏಳು ಪದರು ಆದುವು. ಒಂದೊಂದು ಹೋಳು ಜೋಡಿಸಿ ಇಟ್ಟೆ. ಬೆರಳು ಕಿಸಣಿಗೆ ತಾಗಿ ಕೊಯ್ದದ್ದು ಉಪ್ಪು ಮುಟ್ಟಿದಾಗ ಉರಿದು ಗೊತ್ತಾತು. ಒಂಬತ್ತಕ್ಕ ಮುಚ್ಚಳ ಹಾಕಿ ಬಟನ್ ಒತ್ತಿದೆ. ಎರಡೂವರಿ ಮೂರಕ್ಕ ಆಗತೈತಿ, ಮೂರೂವರಿಗೆ ನಮ್ಮನಿಯವರು ಬರ್ತಾರ, ಅಷ್ಟೊತ್ತಿಗೆ ಒಂದು ಬಟ್ಟಲ ತಿನಿಸಿರತೇನಿ ಅಂತ ಲೆಕ್ಕಾಚಾರ.

ಹನ್ನೊಂದಕ್ಕ ಕರೆಂಟ್ ಹೋತು.

ಕರೆಂಟ್ ಆಫೀಸಿಗೆ ಫೋನ್ ಮಾಡಿದ್ರ "ಲೈನ್ ರಿಪೇರಿ ಐತ್ರಿ, ಯಾವಾಗ ಬರ್ತೈತಿ ಹೇಳಾಕ ಬರೂದಿಲ್ಲ" ಅಂದ್ರು. ನಾನು ಅಡಗಿಮನಿ ನೆಲದ ಮ್ಯಾಲ ಕುಂತು ಅತ್ತೆ. ಬಾಯಿಗೆ ಸೆರಗು ತುರುಕಿಕೊಂಡು ಅತ್ತೆ, ಆಚೆ ಕೋಲ್ಯಾಗ ಮಲಗಿದ ಅತ್ತಿಗೆ ಕೇಳಬಾರದಂತ. ಗ್ಯಾಸಿನ ಮ್ಯಾಲ ಇಡೂಣ ಅಂದ್ರ ಆ ಪಾತ್ರಿ ಬೆಂಕಿಗೆ ತಡೀತೈತೋ ಒಡೀತೈತೋ. ಬ್ಯಾರೆ ಪಾತ್ರಿಗೆ ಹಾಕಿದ್ರ ಪದರೆಲ್ಲಾ ಕಲಸಿ ಮತ್ತ ಅದ ಅಂಟು. ಕಡೀಕ ಅತ್ತಿ ಹೊಲಿದ ಕೌದಿ ತಂದು ಮುಚ್ಚಳ ತೆಗೀದಂಗ ಆ ಕುಕ್ಕರಿಗೆ ಸುತ್ತಿದೆ, ಇನ್ನೊಂದು ಕೌದಿ ಮ್ಯಾಲ ಹೊಚ್ಚಿದೆ. ಒಳಗಿನ ಕಾವು ಎಷ್ಟೊತ್ತು ಹಿಡಿತೈತೋ ಹಿಡೀಲಿ. ಶಿವನ, ಇದೊಂದ ಉಳಿಸಿಕೊಡು ಅಂತ ಕೈ ಮುಗಿದೆ. ಸಣ್ಣ ಹುಡುಗಿ ಇದ್ದಾಗಿಂದ ಹಂಗ ಬೇಡಿಕೊಂಡಿರಲಿಲ್ಲ ನಾನು.

ಆಮ್ಯಾಲ ಅತ್ತಿ ಹತ್ರ ಹೋಗಿ ಮಂಚದ ಅಂಚಿಗೆ ಕುಂತೆ. ಕಣ್ಣು ತೆರೆದ ಮಲಗಿದ್ರು. ಇನ್ನ ತಡಕೊಳ್ಳಾಕ ಆಗಲಿಲ್ಲ. "ಅತ್ತಿ, ಗುಳಿಗಿ ಹೆಚ್ಚಾಗ್ಯಾವ ಅಂದ್ರೆಲ್ಲ, ನಾ ಕೇಳಿಸಿಕೊಂಡಿದ್ದೆ. ತಿಳೀಲಿಲ್ಲ ಅಂತ ಸುಳ್ಳು ಹೇಳಂಗಿಲ್ಲ, ತಿಳಕೊಳ್ಳಾಕ ನಾ ನಿಲ್ಲಲಿಲ್ಲ. ನಿಮಗ ಹಿಂಗಾಗಿದ್ದು ನನ್ನಿಂದ. ನಿಮ್ಮ ಮಗನ ಮುಂದ ಸುಳ್ಳು ಹೇಳೇನಿ. ಇವತ್ತು ಬಂದ ಕೂಡಲೇ ಖರೆ ಹೇಳತೇನಿ. ನನ್ನ ಮ್ಯಾಲಿನ ಸಿಟ್ಟು ನನ್ನ ಮ್ಯಾಲ ತೀರಿಸಿಕೋರಿ, ಅನ್ನದ ಮ್ಯಾಲ ತೀರಿಸಬ್ಯಾಡ್ರಿ." ಅವರು ನನ್ನ ಮುಖಾನ ನೋಡಿಕೋತ ಇದ್ರು. ಒಲ್ಲೆ ಅನ್ನಲಿಲ್ಲ. ಎಡಗೈ ಹಿಡಕೊಂಡೆ, ಬಿಡಿಸಿಕೊಳ್ಳಲಿಲ್ಲ.

ಹನ್ನೆರಡೂವರಿಗೆ ಕರೆಂಟ್ ಬಂತು. ಓಡಿ ಹೋಗಿ ಕೌದಿ ಬಿಚ್ಚಿದೆ. ಪಾತ್ರಿ ಇನ್ನೂ ಬಿಸಿ ಇತ್ತು, ಆದ್ರ ಆ ಮೈಗಳ್ಳಗ ಮತ್ತೊಮ್ಮೆ ಬಟನ್ ಒತ್ತಿದ್ರ ಖರೆ, ಇಲ್ಲಂದ್ರ ಸುಮ್ಮನ ಕುಂದರತೈತಿ. ಒತ್ತಿದೆ. ಎರಡಕ್ಕ ಕೆನಿ, ಜೀರಿಗಿ ವಾಸನಿ ಅಡಗಿಮನಿ ದಾಟಿ ಕೋಲಿಗೆ ಹೋತು. ಮೂರೂವರಿಗೆ ನಮ್ಮನಿಯವರು ವಿಜಯಪುರಕ್ಕ ಹೋಗಾಕ ತಂದ ಬಾಡಿಗಿ ಗಾಡಿ ಹೊರಗ ನಿಲ್ಲಿಸಿ ಒಳಗ ಬಂದ್ರು. "ತಿಂದಳೇನು?" ಅಂದ್ರು. ನಾನು ಕುಕ್ಕರಿನ ಕಡೆ ಕೈ ಮಾಡಿ ತೋರಿಸಿದೆ. ಅವರು ದವಾಖಾನಿ ಫೈಲ್ ಹುಡುಕಾಕ ಹತ್ತಿದ್ರು.

ನಾಕಕ್ಕ ಮುಚ್ಚಳ ತೆಗೆದೆ. ಅಂಚಿಗೆ ನಸುಗೆಂಪು, ನಡುವ ಬೆಳ್ಳಗ. ಚಮಚ ಇಳಿಸಿದ್ರ ಏಳೂ ಪದರಿನ್ಯಾಗ ಸಲೀಸಾಗಿ ಇಳೀತು. ಬಟ್ಟಲಿಗೆ ಹಾಕಿ ಆರಿಸಿ ಒಯ್ದೆ. ದಿಂಬು ಹಚ್ಚಿ ಅತ್ತಿನ್ನ ಕುಂದರಿಸಿದ್ವಿ. ಚಮಚ ತುಟಿ ಹತ್ರ ಒಯ್ದೆ. ನನ್ನ ಮುಖ ನೋಡಿದ್ರು. ಬಾಯಿ ತೆರೆದ್ರು. ನಾಲಿಗಿ ಅಲ್ಲಾಡಿತು, ಗಂಟಲ ಏರಿ ಇಳೀತು. ಕೆಮ್ಮು ಬರಲಿಲ್ಲ. ಮತ್ತೊಂದು. ಮತ್ತೊಂದು. ನಮ್ಮನಿಯವರು ಫೈಲ್ ಮಂಚದ ಮ್ಯಾಲ ಒಗೆದು "ಅವ್ವಾ!" ಅಂದ್ರು, ಗಂಡಸು ಮಗ ಕಣ್ಣು ಒರೆಸಿಕೊಂಡ್ರು. ಹೊರಗ ಹೋಗಿ ಗಾಡಿ ಕಳಿಸಿ ಬಂದ್ರು. ನಾ ಚಮಚ ನಿಲ್ಲಿಸಲಿಲ್ಲ.

ಅರ್ಧ ಬಟ್ಟಲ ಆಗಿತ್ತು. ಹೇಳಿಬಿಡಬೇಕು ಅಂತ ನಾ ಅವರ ಕಡೆ ತಿರುಗಿದೆ. ಅಷ್ಟರಾಗ ಅವರ ಕೇಳಿದ್ರು, ನನಗಲ್ಲ, ತಾಯಿಗೆ. "ಅವ್ವಾ, ಗುಳಿಗಿ ತೀರಿದ್ದು ಯಾಕ ಹೇಳಲಿಲ್ಲ ನೀ?"

ಅತ್ತಿ ನನ್ನ ನೋಡಿದ್ರು. ತುಟಿ ಒಂದು ಕಡೆ ಎಳೀತು. ತೊದಲಿ ತೊದಲಿ ಅಂದ್ರು, "ಮರ... ಮರತೆ." ಬಿದ್ದ ದಿನದಿಂದ ಒಲ್ಲೆ ಬಿಟ್ಟು ಆಡಿದ ಮೊದಲ ಮಾತು.

ನಮ್ಮನಿಯವರಿಗೆ ಇಷ್ಟು ದಿನದ ಅಂಜಿಕಿ ಎಲ್ಲಾ ಸಿಟ್ಟಾಗಿ ಬಂತು. "ಗುಳಿಗಿ ಮರೀತಾರೇನು? ಎಷ್ಟು ಸಲ ಹೇಳೇನಿ ನಿನಗ! ನಿನ್ನ ಹಟಕ್ಕ ನೋಡು ಎಲ್ಲಾರೂ ಎಷ್ಟು ಒದ್ದಾಡಿದ್ವಿ! ಇಕಿ ಮನ್ಯಾಗ ಇದ್ದಳಲ್ಲ, ಇಕಿಗೆ ಒಂದು ಮಾತು ಹೇಳಿದ್ರ ತಂದು ಕೊಡತಿರಲಿಲ್ಲೇನು?"

ಅತ್ತಿ ತಲಿ ತೆಳಗ ಹಾಕಿ ಬೈಸಿಕೊಂಡ್ರು. ನಾ ಬಟ್ಟಲ ಹಿಡಕೊಂಡು ಅಲ್ಲೇ ಕುಂತಿದ್ದೆ, ಮಾರು ದೂರದಾಗ. ಅವರ ಬೈಗಳ ಮುಗಿದ ಮ್ಯಾಲ ಅತ್ತಿ ನನ್ನ ಕಡೆ ತಿರುಗಿ ಮತ್ತ ಬಾಯಿ ತೆರೆದ್ರು. ನಾ ಚಮಚ ಬಾಯಾಗ ಇಟ್ಟೆ. ನನ್ನ ಬಾಯಿ ತೆರೀಲಿಲ್ಲ.