ಡ್ರಿಲ್ ಮೇಷ್ಟ್ರ ಚಪ್ಪಾಳೆ

ಹಳೇ ಫಿಲ್ಮುಗಳನ್ನು ಕಂಪ್ಯೂಟರಿನಲ್ಲಿ ಕೂರಿಸಿ ಸರಿಮಾಡುವುದು ನನ್ನ ಕೆಲಸ. ಹೋದ ತಿಂಗಳು ಶಿವಮೊಗ್ಗದ ಕಾಲೇಜೊಂದರಲ್ಲಿ ತೋರಿಸಲು ಒಂದು ನಿಮಿಷದ ತುಣುಕು ಸಿಕ್ಕಿತ್ತು. ಹತ್ತೊಂಬತ್ತನೇ ಶತಮಾನದ ಕೊನೆಗೆ ತೆಗೆದ ಅದರಲ್ಲಿ ಯಾವುದೋ ದೇಶದ ಸೈನಿಕರು ಕವಾಯತು ಮಾಡುತ್ತಿದ್ದರು. ಆಗಿನ ಕ್ಯಾಮೆರಾವನ್ನು ಕೈಯಲ್ಲೇ ತಿರುಗಿಸಬೇಕಿತ್ತು. ಎಷ್ಟು ವೇಗವಾಗಿ ತಿರುಗಿಸಿದರೋ ದೇವರೇ ಬಲ್ಲ. ಈಗ ಹಾಕಿದರೆ ಪಾಪ, ಎಲ್ಲರೂ ಇರುವೆಗಳ ಹಾಗೆ ಓಡುತ್ತಿದ್ದರು. ಹುಡುಗರು ನಗುವುದು ಖಂಡಿತ.

ನಾನಿರುವ ಊರು ಕಾಗದನಗರದಲ್ಲಿ ನಮ್ಮ ಪಕ್ಕದ ಮನೆಯವರೇ ನನ್ನ ಹೈಸ್ಕೂಲಿನ ಡ್ರಿಲ್ ಮೇಷ್ಟ್ರು. ಈಗ ನಿವೃತ್ತರು. ಕಾಫಿಗೆ ಬಂದವರು ಅದನ್ನು ನೋಡಿ ಸಿಡುಕಿದರು.

"ಏನ್ ಮಾರಾಯ, ಇದು ಪರೇಡೋ, ಹೊರಟ ಬಸ್ಸಿನ ಹಿಂದೆ ಓಡೋದೋ?"

"ಸರಿಯಾದ ಸ್ಪೀಡ್ ಗೊತ್ತಾಗ್ತಿಲ್ಲ ಸಾರ್."

"ಅದಕ್ಕೆ ಕಂಪ್ಯೂಟರ್ ಯಾಕೋ?" ಎಂದವರೇ ಎದ್ದು ನಿಂತು, "ಎಡ, ಬಲ, ಎಡ, ಬಲ" ಎನ್ನುತ್ತಾ ಚಪ್ಪಾಳೆ ತಟ್ಟತೊಡಗಿದರು. ನಾನು ವೇಗ ಇಳಿಸುತ್ತಾ ಹೋದೆ. ಬೂಟುಗಳು ಚಪ್ಪಾಳೆಗೆ ಸರಿಯಾಗಿ ನೆಲಕ್ಕೆ ಬಿದ್ದ ಗಳಿಗೆ, ಇರುವೆಗಳೆಲ್ಲ ಮನುಷ್ಯರಾಗಿಬಿಟ್ಟವು. ಒಬ್ಬೊಬ್ಬರ ಮೀಸೆಯೂ ಕಾಣಿಸಿತು, ಆಯಾಸವೂ ಕಾಣಿಸಿತು.

ನಾನು ಹಿಗ್ಗಿಹೋದೆ. ಮೇಷ್ಟ್ರು ಮಾತ್ರ ಪರದೆಯ ಮೇಲೆ ಬೆರಳಿಟ್ಟರು.

"ಹಿಂದಿನ ಸಾಲಲ್ಲಿ ಮೂರನೆಯವನು ನೋಡು, ತಪ್ಪು ಕಾಲು ಹಾಕ್ತಿದಾನೆ. ಗ್ರೌಂಡ್ ಸುತ್ತ ಎರಡು ರೌಂಡ್ ಓಡ್ಲಿ."

"ಸಾರ್, ಅವನು ಸತ್ತು ಎಷ್ಟು ಕಾಲ ಆಯ್ತೋ ಏನೋ!"

ಮೇಷ್ಟ್ರು ಒಂದು ಕ್ಷಣ ಯೋಚಿಸಿದರು. "ಹೌದಾ? ಹಾಗಾದ್ರೆ ಒಂದೇ ರೌಂಡ್ ಸಾಕು."

ಬದುಕಿದ್ದ ನಮಗೆ ಅವರು ಒಮ್ಮೆಯೂ ಅಂಥ ರಿಯಾಯಿತಿ ಕೊಟ್ಟವರಲ್ಲ.