ಅಜ್ಜನ ಕ್ಯಾಮೆರಾಕ್ಕೆ ಹೊಸ ರೀಲು

ಎಪ್ಪತ್ತರ ದಶಕದ ಕೊನೆಯ ಮಾತು. ಹೊಸನಗರದ ನಮ್ಮ ಬಾಡಿಗೆ ಮನೆಯಲ್ಲಿ ಎಲ್ಲರ ಫೋಟೋ ಇತ್ತು, ಅಜ್ಜಿಯದೊಂದು ಬಿಟ್ಟು. ತೆಗೆದವನು ಅಜ್ಜ. ತೀರ್ಥಹಳ್ಳಿಯ ಪರಿಚಯದವರಿಂದ ಕೊಂಡ ಡಬ್ಬಿ ಕ್ಯಾಮೆರಾದಲ್ಲಿ ಊರವರನ್ನೆಲ್ಲ ಹಿಡಿದಿದ್ದ. ಅತ್ತೆಯ ಎದುರಿಗೆ ಗಂಡನ ಮುಂದೆ ನಗುತ್ತ ನಿಲ್ಲುವುದು ನಾಚಿಕೆಗೇಡು ಎಂದು ಅಜ್ಜಿ ಪ್ರತಿ ಸಲವೂ ಅಡುಗೆಮನೆ ಸೇರುತ್ತಿದ್ದಳಂತೆ. ಅಜ್ಜ ಆ ಕೊರಗಿನಲ್ಲೇ ಹೋದ.

ಆ ವರ್ಷ ಅಜ್ಜಿ ಮೆತ್ತಗಾಗಿದ್ದಳು. ಅವಳ ಮುಖ ಎಲ್ಲೂ ಉಳಿಯದೆ ಹೋಗುತ್ತದೆ ಎಂದು ನನಗೆ ಭಯ ಹಿಡಿಯಿತು. ಸ್ಟುಡಿಯೋಕ್ಕೆ ಬಾ ಎಂದು ಗೋಗರೆದೆ.

"ಅಜ್ಜನ ಕ್ಯಾಮೆರಾ ಆದ್ರೆ ಅಡ್ಡಿಲ್ಲೆ. ಬೇರೆದು ಎಂಗೆ ಬೇಡ" ಎಂದಳು.

ನನಗೋ ಮೂಗಿನ ತುದಿಯಲ್ಲೇ ಕೋಪ. ಅಟ್ಟದಿಂದ ಕ್ಯಾಮೆರಾ ಇಳಿಸಿಕೊಂಡು ಸಾಗರದ ಬಸ್ಸು ಹತ್ತಿದೆ. ಸ್ಟುಡಿಯೋದವರು ಅದನ್ನು ತೆರೆದು ನೋಡಿ ನಕ್ಕರು. ಇದರ ರೀಲು ಈಗ ಬರುವುದಿಲ್ಲ. ಹೊಸ ರೀಲಿನ ಫಿಲ್ಮೂ ಹಳೆಯದರಷ್ಟೇ ಅಗಲ, ಆದರೆ ಅದನ್ನು ಸುತ್ತಿರುವ ಉರುಳೆಯ ಅಂಚು ದಪ್ಪ, ಹಾಗಾಗಿ ಒಳಗೆ ಕೂರುವುದಿಲ್ಲ ಎಂದರು. ಅಂಚನ್ನು ಅರದಿಂದ ತೇಯ್ದರೆ ಕೂರಬಹುದಂತೆ. "ನಿಧಾನ ತೇಯಿರಿ. ಜಾಸ್ತಿ ತೇಯ್ದ್ರೆ ಬೆಳಕು ಒಳಗೆ ಹೋಗತ್ತೆ."

ನನಗೂ ನಿಧಾನಕ್ಕೂ ಎಣ್ಣೆ ಸೀಗೆಕಾಯಿ. ಸೈಕಲ್ ಶಾಪಿನಿಂದ ಅರ ತಂದು, ಜಗಲಿಯಲ್ಲಿ ಕೂತು, ಬೆರಳಲ್ಲಿ ಬೊಬ್ಬೆ ಬರುವಷ್ಟು ತೇಯ್ದೆ. ಮೂರನೇ ಸಲಕ್ಕೆ ರೀಲು ಕೂತಿತು. ಒಂದು ಬದಿ ಹೆಚ್ಚೇ ಸವೆದಿತ್ತು. ಯಾರಿಗೂ ಹೇಳಲಿಲ್ಲ.

ಅಜ್ಜಿ ಅಂಗಳದ ಕುರ್ಚಿಯಲ್ಲಿ ಕೂತಳು. ಕೂತವಳು ತಕರಾರು ತೆಗೆದಳು: ರೀಲಿನ ಮೊದಲ ಫೋಟೋ ದೇವರದ್ದಾಗಬೇಕು, ಅಜ್ಜ ಹಾಗೇ ಮಾಡುತ್ತಿದ್ದ. ಗಣಪತಿಗೆ ಫೋಟೋ ಕಡಿಮೆಯಾಗಿದೆಯೇ ಎಂದು ರೇಗಿದೆ. ಅವಳು ಎದ್ದೇಬಿಟ್ಟಳು. ಕೊನೆಗೆ ಗೊಣಗುತ್ತಲೇ ಗಣಪತಿಯ ಪಟವನ್ನು ಕುರ್ಚಿಯ ಮೇಲಿಟ್ಟು ಒಂದು ಕ್ಲಿಕ್ಕಿಸಿ, ಆಮೇಲೆ ಅಜ್ಜಿಯನ್ನು ಕೂರಿಸಿದೆ.

ವಾರದ ಮೇಲೆ ಸಾಗರಕ್ಕೆ ಹೋದರೆ, ಸ್ಟುಡಿಯೋದವರು ತೊಳೆದ ಫಿಲ್ಮನ್ನು ಬೆಳಕಿಗೆ ಹಿಡಿದು, ಬೆಳಕು ನುಗ್ಗಿ ಹೊರಸುತ್ತಿನಲ್ಲಿದ್ದ ಮೊದಲನೆಯದು ಪೂರ್ತಿ ಹೋಗಿದೆ ಎಂದರು. ಎರಡನೆಯದರ ಅಂಚು ಹೊಗೆ ಹಿಡಿದಂತಿತ್ತು. ನಡುವೆ ಅಜ್ಜಿಯ ಮುಖ ನಿಚ್ಚಳವಾಗಿತ್ತು. ನನ್ನ ಹಟವೇ ಗೆದ್ದಿದ್ದರೆ ಹೋಗುತ್ತಿದ್ದುದು ಅವಳ ಮುಖವೇ. ಅಂಗಡಿಯ ಕಟ್ಟೆಗೆ ಒರಗಿ ನಾಚಿಕೆಯಿಲ್ಲದೆ ಅತ್ತುಬಿಟ್ಟೆ.

ಅಜ್ಜಿ ಹೋಗಿ ಬಹಳ ಕಾಲವಾಯಿತು. ಆ ಫೋಟೋದಲ್ಲಿ ಅವಳು ಹೊಸ ಮದುವಣಗಿತ್ತಿಯ ಹಾಗೆ ನಾಚಿ ನಗುತ್ತಿದ್ದಾಳೆ. ಆ ನಗುವನ್ನು ಮನೆಯಲ್ಲಿ ನಾವ್ಯಾರೂ ಕಂಡಿರಲಿಲ್ಲ. ಬಸ್ಸಿನಲ್ಲಿ ಅಲೆದವಳು ನಾನು, ಬೊಬ್ಬೆ ಬರಿಸಿಕೊಂಡವಳು ನಾನು. ಅವಳು ನೋಡುತ್ತಿರುವುದು ಮಾತ್ರ ನನ್ನನ್ನಲ್ಲ, ಅಜ್ಜನ ಕ್ಯಾಮೆರಾವನ್ನು. ಈಗಲೂ ಅಜ್ಜನ ಮೇಲೆ ನನಗೆ ಸ್ವಲ್ಪ ಹೊಟ್ಟೆಕಿಚ್ಚು.